ವಾರ್ತಾವಾಚಕಿಗೆ ಶಾಲು, ಉಳಿದವರಿಗೆ ಮೈಕು

ಮುಂಬಯಿಯ ಕನ್ನಡ ಸಂಘಗಳಿಗೆ ಸನ್ಮಾನಿತರ ಬರಗಾಲ ಬಂದು ಬಹಳ ದಿನಗಳಾದವು. ಹೋಟೆಲ್ ಉದ್ಯಮಿಗಳಿಗೆ ಶಾಲು ಹೊದಿಸಿಯಾಯಿತು, ಅವರ ಮಕ್ಕಳಿಗೂ ಹೊದಿಸಿಯಾಯಿತು, ಕವಿಗಳು ಒಬ್ಬರಿಗೊಬ್ಬರು ಹೊದಿಸಿಕೊಂಡರು. ಇಂಥ ಸಂಕಷ್ಟದಲ್ಲಿ ನಮ್ಮ ಕಾರ್ಯದರ್ಶಿಗಳಿಗೆ ತರಕಾರಿ ಅಂಗಡಿಯಲ್ಲೊಂದು ಸುಳಿವು ಸಿಕ್ಕಿತು: ವರ್ಲಿಯ ದೂರದರ್ಶನ ಕೇಂದ್ರದಲ್ಲಿ ಮರಾಠಿ ವಾರ್ತೆ ಓದಿ ನಿವೃತ್ತರಾದ ಆ ಮಹಿಳೆ ಮನೆಯಲ್ಲಿ ಮಾತನಾಡುವುದು ಕನ್ನಡವನ್ನು! ಧಾರವಾಡದ ಕಡೆಯವರು. ಹಗಲು ಬ್ಯಾಂಕಿನ ನೌಕರಿ, ಸಂಜೆ ವಾರ್ತೆ. ಓದುತ್ತಿದ್ದಷ್ಟು ಕಾಲವೂ ಅವರನ್ನು ಮರಾಠಿಯವರೆಂದು ತಿಳಿದು ನೆಮ್ಮದಿಯಾಗಿದ್ದ ನಾವು ಮರುದಿನವೇ ‘ಕನ್ನಡನಾಡಿನ ಹೆಮ್ಮೆಯ ಪುತ್ರಿ’ ಎಂದು ಬ್ಯಾನರ್ ಬರೆಸಿದೆವು.

ಪರಿಚಯ ಭಾಷಣಕ್ಕೆ ನಿಂತ ಮಹನೀಯರು ದೇಶದಲ್ಲಿ ಟಿ.ವಿ. ಮೊದಲು ಶುರುವಾದ 1959ರ ದಿಲ್ಲಿಯಿಂದ ಹೊರಟರು. 1972ರ ಅಕ್ಟೋಬರ್ 2ರಂದು ಮುಂಬಯಿ ಕೇಂದ್ರ ಶುರುವಾಗುವ ಹೊತ್ತಿಗೆ ಹಿಂದಿನ ಸಾಲಿನವರು ಒಂದು ಸುತ್ತು ಚಹಾ ಮುಗಿಸಿ ಬಂದಿದ್ದರು. 1982ರಲ್ಲಿ ಟಿ.ವಿ.ಗೆ ಬಣ್ಣ ಬಂತು. ಸನ್ಮಾನಿತರು ಮಾತ್ರ ಭಾಷಣದೊಳಗೆ ಇನ್ನೂ ಬಂದಿರಲಿಲ್ಲ. ಬಂದವರು ಸ್ಮಿತಾ ಪಾಟೀಲ್. ಸಿನಿಮಾಕ್ಕೆ ಹೋಗುವ ಮೊದಲು ಸ್ಮಿತಾ ಅದೇ ಕೇಂದ್ರದಲ್ಲಿ ಮರಾಠಿ ವಾರ್ತೆ ಓದುತ್ತಿದ್ದರು, ಜೀನ್ಸ್ ಮೇಲೆಯೇ ಸೀರೆ ಸುತ್ತಿಕೊಂಡು ಕ್ಯಾಮೆರಾದೆದುರು ಕೂರುತ್ತಿದ್ದರು ಎಂಬ ಪ್ರಸಿದ್ಧ ಕಥೆ ಕೇಳಿದ್ದೇ ತಡ, ಸಭೆ ಎಚ್ಚೆತ್ತಿತು. ಮುಂದಿನ ಅತಿಥಿಗಳೆಲ್ಲರೂ ಅದನ್ನೇ ಹೇಳಿದರು. ಒಬ್ಬರು ಸನ್ಮಾನಿತರತ್ತ ಬಾಗಿ, “ಮೇಡಂ, ನೀವು ಸ್ಮಿತಾ ಅವರನ್ನು ಹತ್ತಿರದಿಂದ ನೋಡಿದ್ದಿರಾ?” ಎಂದು ಮೈಕಿನಲ್ಲೇ ಕೇಳಿದರು. “ಇಲ್ಲ, ನಾನು ಸೇರಿದ್ದು ಆಮೇಲೆ” ಎಂದರು ಅವರು. ಸಭೆಗೆ ಅವರ ಮೇಲಿದ್ದ ಗೌರವ ಸ್ವಲ್ಪ ಇಳಿಯಿತು.

ಆ ಕಾಲದ ವಾರ್ತಾವಾಚನವೆಂದರೆ ತಮಾಷೆಯಲ್ಲ. ಟೆಲಿಪ್ರಾಂಪ್ಟರ್ ಇಲ್ಲದೆ, ಹಾಳೆಯಿಂದ ಒಂದು ವಾಕ್ಯವನ್ನು ಕಣ್ಣಿನಲ್ಲೇ ಎತ್ತಿಕೊಂಡು ತಲೆಯೆತ್ತಿ ಕ್ಯಾಮೆರಾಕ್ಕೆ ಒಪ್ಪಿಸಬೇಕು. ಹಾಳೆ ಮಗುಚುವ ಸದ್ದು ಮೈಕಿಗೆ ಕೇಳಬಾರದು. ಪ್ರವಾಹ, ಬಜೆಟ್, ಕ್ರಿಕೆಟ್, ಹವಾಮಾನ, ಎಲ್ಲಕ್ಕೂ ಒಂದೇ ಸ್ವರ. ಗಡಿಯಾರದ ಮುಳ್ಳು ನಿಗದಿತ ಗೆರೆ ಮುಟ್ಟುವಾಗ ನಮಸ್ಕಾರ. ಈಗಿನ ಚಾನೆಲ್‌ಗಳಲ್ಲಿ ಆರು ಮಂದಿ ಆರು ಚೌಕಗಳಲ್ಲಿ ಕೂತು ಒಂದು ಗಂಟೆ ಕಿರುಚಿದರೂ ಏನಾಯಿತೆಂದು ತಿಳಿಯುವುದಿಲ್ಲ ಎಂದು ನಮ್ಮ ಅಧ್ಯಕ್ಷರು ಮುಕ್ಕಾಲು ಗಂಟೆ ಕಿರುಚಿ ವಿವರಿಸಿದರು.

ನಂತರ ಸನ್ಮಾನ. ಮೇ ತಿಂಗಳ ಸೆಕೆಗೆ ಉಣ್ಣೆಯ ಶಾಲು, ಗಂಧದ ಹಾರ, ಪ್ಲಾಸ್ಟಿಕ್ ಸುತ್ತಿದ ಹಣ್ಣಿನ ಬುಟ್ಟಿ. ಮೈಸೂರು ಪೇಟವನ್ನು ಯಾವುದೋ ದೊಡ್ಡ ತಲೆಯ ಅಳತೆಗೆ ತರಿಸಿದ್ದರಿಂದ ಅದು ಅವರ ಕನ್ನಡಕದ ಮೇಲೆ ಬಂದು ಕೂತಿತು. ಫೋಟೋಕ್ಕಾಗಿ ಪದಾಧಿಕಾರಿಗಳು, ಅವರ ಮನೆಯವರು, ಸಹಪ್ರಾಯೋಜಕರು ವೇದಿಕೆಯೇರಿದರು. ಅಷ್ಟು ಜನರ ನಡುವೆ ಪೇಟವೊಂದೇ ಕಾಣುತ್ತಿತ್ತು.

ಕೊನೆಗೆ ಅವರ ಕೈಗೆ ಮೈಕು ಬಂತು, “ಎರಡೇ ನಿಮಿಷ, ಮೇಡಂ” ಎಂಬ ಷರತ್ತಿನೊಂದಿಗೆ. ದಾದರಿನಲ್ಲಿ ಡೊಂಬಿವಲಿಯ ಫಾಸ್ಟ್ ಲೋಕಲ್ ರೈಲು ಹಿಡಿಯಬೇಕಾದವರು ಆಗಲೇ ಎದ್ದು ಹೊರಟಿದ್ದರು. ಸನ್ಮಾನಿತರು ಪೇಟ ತೆಗೆದಿಟ್ಟು, ಎದುರು ಗೋಡೆಯ ಗಡಿಯಾರ ನೋಡಿ, ಸ್ವಚ್ಛ ಕನ್ನಡದಲ್ಲಿ ಆರಂಭಿಸಿದರು. ಮೂರನೆಯ ವಾಕ್ಯಕ್ಕೆ ಕಾರ್ಯದರ್ಶಿಗಳು ಚೀಟಿಯೊಂದನ್ನು ಮೇಜಿನ ಮೇಲೆ ಸರಿಸಿದರು. ಓದುವ ನಡುವೆ ಚೀಟಿ ಬಂದರೆ ಏನು ಮಾಡಬೇಕೆಂಬುದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಒಂದು ಕ್ಷಣ ಕೆಳಗೆ ನೋಡಿ, ತಲೆಯೆತ್ತಿ, ಅದೇ ಸ್ವರದಲ್ಲಿ ಓದಿದರು: “ಈಗತಾನೇ ಬಂದ ವರದಿ. ಊಟ ತಯಾರಾಗಿದೆ. ದಯವಿಟ್ಟು ಬೇಗ ಮುಗಿಸಿ. ವಾರ್ತೆಗಳು ಮುಗಿದವು, ನಮಸ್ಕಾರ.”

ಆ ಸಂಜೆಯ ಅತಿ ದೊಡ್ಡ ಚಪ್ಪಾಳೆ ಅದಕ್ಕೇ ಬಿತ್ತು. ವಂದನಾರ್ಪಣೆ ಮಾಡಿದವರು, ಸನ್ಮಾನಿತರು ಇಷ್ಟು ಚುಟುಕಾಗಿ ಮಾತನಾಡಿದ್ದನ್ನು ಮನಸಾರೆ ಕೊಂಡಾಡಲು ಇಪ್ಪತ್ತು ನಿಮಿಷ ತೆಗೆದುಕೊಂಡರು.

ಮುಂದಿನ ತಿಂಗಳು ನಿವೃತ್ತ ಲೋಕಲ್ ರೈಲು ಮೋಟರ್‌ಮನ್ ಒಬ್ಬರಿಗೆ ಸನ್ಮಾನ. ಕಾರ್ಯಕ್ರಮ ಐದು ಗಂಟೆಗೆ ಸರಿಯಾಗಿ.