ಆಲ್‌ರೌಂಡರ್ ಅಂದ್ರೆ ಏನ್ರಿ?

ಮೊನ್ನೆ ಧಾರವಾಡದಲ್ಲಿ ಒಂದು ಸಣ್ಣ ಸನ್ಮಾನ. ನಾನು ಒಂಬತ್ತು ವರ್ಷ ಯಾರ ಟ್ರೈಪಾಡ್ ಹೊತ್ತಿದ್ದೆನೋ ಆ ಕ್ಯಾಮೆರಾಮನ್‌ಗೆ. ಶಾಲು, ಹಾರ, ಫೇಡೆ ಎಲ್ಲ ಆಯಿತು. ನಿರೂಪಣೆಯ ಹುಡುಗ ಮೈಕಿನಲ್ಲಿ, "ಇವರು ಆಲ್‌ರೌಂಡರ್. ಡಾಕ್ಯುಮೆಂಟರಿ, ಸೀರಿಯಲ್, ನ್ಯೂಸ್, ಮದುವೆ, ಏನು ಕೊಟ್ಟರೂ ತೆಗೀತಾರೆ" ಅಂದ. ಜನ ಚಪ್ಪಾಳೆ ಹೊಡೆದರು. ನನಗೆ ಯಾಕೋ ಸಿಟ್ಟು ಬಂತು. ಖಾನಾವಳಿಯ ಬೋರ್ಡು ಓದಿದ ಹಾಗಿತ್ತು.

ನಿಜ, ಇವರು ಹುಬ್ಬಳ್ಳಿಯಲ್ಲಿ ಕೂತು "ನಾನು ಹಕ್ಕಿಗಳನ್ನು ಮಾತ್ರ ಶೂಟ್ ಮಾಡ್ತೀನಿ" ಅಂದಿದ್ದರೆ ಹೊಟ್ಟೆ ತುಂಬುತ್ತಿರಲಿಲ್ಲ. 1994ರಲ್ಲಿ ಉದಯ ಟಿವಿ ಬಂತು, 2000ದಲ್ಲಿ ಈಟಿವಿ ಕನ್ನಡ ಬಂತು. ಆದರೆ ಸ್ಟುಡಿಯೋಗಳೆಲ್ಲ ದೂರದ ಊರುಗಳಲ್ಲಿ. ಈ ಕಡೆಯದು ಏನಾದರೂ ಬೇಕಾದಾಗ ಫೋನು ಬರುತ್ತಿತ್ತು. ಸೋಮವಾರ ಕೃಷಿ, ಬುಧವಾರ ಸಂಗೀತ, ಭಾನುವಾರ ಯಾರದ್ದೋ ಮದುವೆ. ಅದೇ ಭುಜ, ಅದೇ ಏಳೆಂಟು ಕೆಜಿ ಬೀಟಾಕ್ಯಾಮ್ ಕ್ಯಾಮೆರಾ.

ಅವರು ಮಾತ್ರ ಒಂದು ಕಡೆ ಕಲಿತದ್ದನ್ನು ಇನ್ನೊಂದು ಕಡೆ ಖರ್ಚು ಮಾಡೋರು. ಅದನ್ನು ಆ ಹುಡುಗ ಹೇಳಲಿಲ್ಲ.

ಸಂಗೀತವನ್ನೇ ತಗೊಳ್ಳಿ. ವಿಲಂಬಿತ (ತುಂಬಾ ನಿಧಾನದ) ಏಕತಾಳ ಅಂದರೆ 12 ಮಾತ್ರೆ, ಹನ್ನೆರಡು ಎಣಿಕೆಯ ಸುತ್ತು. ಒಂದು ಆವರ್ತನಕ್ಕೇ ಮುಕ್ಕಾಲು ನಿಮಿಷ, ಕೆಲವರು ಹಾಡಿದರೆ ಇನ್ನೂ ಜಾಸ್ತಿ. ಹೊರಗಿನಿಂದ ಬಂದ ನಿರ್ದೇಶಕರಿಗೆ ಅಷ್ಟು ತಾಳ್ಮೆ ಎಲ್ಲಿ? "ತಬಲಾ ತೋರಿಸಿ, ತಬಲಾ ತೋರಿಸಿ" ಅಂತ ಬೆನ್ನ ಹಿಂದೆ ಚಡಪಡಿಸೋರು. ಇವರು ಗಾಯಕರ ಮುಖ ಬಿಡುತ್ತಿರಲಿಲ್ಲ. ಹತ್ತನೇ ಮಾತ್ರೆಗೆ ಕ್ಯಾಮೆರಾ ನಿಧಾನಕ್ಕೆ ಪಕ್ಕಕ್ಕೆ ತಿರುಗಲು ಶುರು. ಸಮ್, ಅಂದರೆ ಮುಂದಿನ ಸುತ್ತಿನ ಮೊದಲ ಮಾತ್ರೆ, ಬೀಳುವ ಹೊತ್ತಿಗೆ ಸರಿಯಾಗಿ ತಬಲಾದವರ ಕೈ ಫ್ರೇಮಿನಲ್ಲಿ. ಮಲ್ಲಿಕಾರ್ಜುನ ಮನ್ಸೂರ, ಗಂಗೂಬಾಯಿ ಹಾನಗಲ್ಲರನ್ನು ಕೇಳಿ ಬೆಳೆದ ಅವಳಿ ನಗರ ಇದು. ಸಮ್‌ಗೆ ಮುಂಚೆ ಕಟ್ ಮಾಡಿದರೆ ಮಾರನೇ ದಿನ ಚಹಾದಂಗಡಿಯಲ್ಲಿ ಬೈಸಿಕೊಳ್ಳಬೇಕು.

ಇದೇ ಎಣಿಕೆ ಮಾಗಡಿ ಕೆರೆಯಲ್ಲಿ ಕೆಲಸಕ್ಕೆ ಬಂತು. (ಬೆಂಗಳೂರಿನ ಹತ್ತಿರದ ಮಾಗಡಿ ಅಲ್ಲ. ಗದಗ ಜಿಲ್ಲೆಯದು. 2024ರಲ್ಲಿ ಜೌಗು ಪ್ರದೇಶಗಳ ಅಂತರರಾಷ್ಟ್ರೀಯ ರಾಮ್ಸಾರ್ ಪಟ್ಟಿಗೆ ಸೇರಿತಲ್ಲ, ಅದು.) ಚಳಿಗಾಲದಲ್ಲಿ ಹಿಮಾಲಯ ದಾಟಿ ಬರುವ ಪಟ್ಟೆತಲೆ ಹೆಬ್ಬಾತುಗಳು ಅಲ್ಲಿ ಇಳಿಯುತ್ತವೆ. ನಾವೆಲ್ಲ ಹಕ್ಕಿ ಹಾರಿದ ಮೇಲೆ ಕ್ಯಾಮೆರಾ ತಿರುಗಿಸುತ್ತೇವೆ. ಇವರು ಕೂಗು ಏರುವುದನ್ನು ಕೇಳುತ್ತಾ ಮೊದಲೇ ಖಾಲಿ ಆಕಾಶಕ್ಕೆ ಫ್ರೇಮ್ ಇಟ್ಟಿದ್ದರು. ಹಿಂಡು ಎದ್ದು ಫ್ರೇಮಿನೊಳಗೆ ಬಂದಾಗ "ಸಮ್ ಬಂತ ನೋಡ" ಅಂತ ಪಿಸುಗುಟ್ಟಿದರು. ಆಡಿಯೋದಲ್ಲಿ ಅದೂ ರೆಕಾರ್ಡ್ ಆಗಿದೆ.

ನಮ್ಮನ್ನು ಸೋಲಿಸಿದ್ದು ಬ್ಯಾಡಗಿ ಮೆಣಸಿನಕಾಯಿ ಮಾರುಕಟ್ಟೆ. ಕಣ್ಣು ಹಾಯುವವರೆಗೂ ಕೆಂಪು. ಹಳೆಯ ವಿಡಿಯೋಗೂ ಕೆಂಪಿಗೂ ಆಗಿಬರುತ್ತಿರಲಿಲ್ಲ, ಬಣ್ಣ ಅಂಚು ದಾಟಿ ಹರಡುತ್ತಿತ್ತು. ಬಿಳಿಯನ್ನು ಬಿಳಿಯಾಗಿ ಕಾಣಿಸುವ ಹೊಂದಾಣಿಕೆಯನ್ನು ಕ್ಯಾಮೆರಾದ ಆಟೋ ವೈಟ್ ಬ್ಯಾಲೆನ್ಸ್‌ಗೆ ಬಿಟ್ಟರೆ, ಕೆಂಪು ಜಾಸ್ತಿ ಆಯಿತು ಅಂದುಕೊಂಡು ಅದು ಚಿತ್ರವನ್ನೆಲ್ಲ ನೀಲಿಯ ಕಡೆ ಎಳೆಯುತ್ತದೆ. ಇವರು ಒಬ್ಬ ಹಮಾಲರ ಬಿಳಿ ಟೋಪಿ ಇಸಿದುಕೊಂಡು, ಚೆನ್ನಾಗಿ ಜಾಡಿಸಿ, ಅದರ ಮೇಲೆ ವೈಟ್ ಬ್ಯಾಲೆನ್ಸ್ ಮಾಡಿದರು. ಬಣ್ಣ ಸರಿ ಬಂತು. ಘಾಟಿಗೆ ಮದ್ದು ಇರಲಿಲ್ಲ. ಕೆಮ್ಮಿ ಕೆಮ್ಮಿ ಅವತ್ತಿನ ಶಾಟ್‌ಗಳೆಲ್ಲ ಅಲುಗಾಡಿವೆ. ನಿರ್ದೇಶಕರು ಅದನ್ನೇ ಸ್ಟೈಲ್ ಅಂದರು. ನಾವು ಸುಮ್ನಿದ್ದೆವು.

ನನಗೆ ಮರೆಯಲಾಗದ್ದು ಗದಗದ ವೀರೇಶ್ವರ ಪುಣ್ಯಾಶ್ರಮ. ಅಂಧ ಮಕ್ಕಳು ಸಂಗೀತ ಕಲಿಯುವ ಜಾಗ. ನಾನಿನ್ನೂ ಹೊಸಬ, ಸಾವಿರ ವ್ಯಾಟಿನ ಲೈಟು ಫಟ್ ಅಂತ ಹಾಕಿಬಿಟ್ಟೆ. ಹಾರ್ಮೋನಿಯಂ ನುಡಿಸುತ್ತಿದ್ದ ಹುಡುಗ ಕೈ ನಿಲ್ಲಿಸಿ, "ಒಳಗ ಬಿಸಿಲ ಹ್ಯಾಂಗ ಬಂತ್ರಿ?" ಅಂದ.

ಇವರು ಲೈಟು ಆರಿಸಿದರು. ಹುಡುಗನ ಪಕ್ಕ ಕೂತು, ಲೈಟು ಎಲ್ಲಿದೆ, ಎಷ್ಟು ದೂರ ಇದೆ, ಯಾಕೆ ಬೇಕು, ಎಲ್ಲ ಹೇಳಿದರು. ಸ್ಟ್ಯಾಂಡ್ ಮುಟ್ಟಿಸಿದರು. ಕೊನೆಗೆ ಲೈಟೇ ಬೇಡ ಅಂದು ಕಿಟಕಿ ತೆಗೆಸಿ, ಚಾಪೆಯನ್ನು ಅತ್ತ ಎಳೆದರು. ಚಿತ್ರ ಸ್ವಲ್ಪ ಕಾಳುಕಾಳಾಯಿತು. ಆಗಲಿ ಬಿಡಿ. ಅದಾದ ಮೇಲೆ ಮದುವೆ ಮನೆಯಲ್ಲೂ ವಯಸ್ಸಾದ ಅಜ್ಜಿಯರ ಮುಖಕ್ಕೆ ಹೇಳದೆ ಕೇಳದೆ ಲೈಟು ಹೊಡೆಯಲು ನನ್ನನ್ನು ಬಿಡಲಿಲ್ಲ.

ಇವರೊಬ್ಬರ ಕಥೆ ಅಲ್ಲ ಇದು. ಎಸ್. ರಾಮಚಂದ್ರ ಅವರು 'ಘಟಶ್ರಾದ್ಧ' ಸಿನಿಮಾಕ್ಕೆ ಕ್ಯಾಮೆರಾ ಹಿಡಿದವರು. ಟಿವಿಯ 'ಮಾಲ್ಗುಡಿ ಡೇಸ್' ಕೂಡ ಅವರದೇ ಕಣ್ಣು. ಅದರಲ್ಲಿ ಬರುವ ಹುಡುಗ ಸ್ವಾಮಿ ಯಾರು ಅಂದರೆ ಎಲ್ಲರೂ ಹೇಳುತ್ತಾರೆ. ಕ್ಯಾಮೆರಾ ಯಾರದು ಅಂತ ಕೇಳಿ ನೋಡಿ.

ನಮ್ಮವರ ಕೆಲಸದಲ್ಲಿ ಬಹಳಷ್ಟು ಅಳಿಸಿಹೋಗಿದೆ. ಹೊಸ ಕ್ಯಾಸೆಟ್ ದುಬಾರಿ ಅಂತ ಹಳೆಯದರ ಮೇಲೆಯೇ ಬೇರೆ ಏನೋ ರೆಕಾರ್ಡ್ ಮಾಡಿಕೊಂಡರು. ಆಗ ಅದು ಮಾಮೂಲು. ಉಳಿದದ್ದು ಅವರ ಮನೆಯ ಕಪಾಟಿನಲ್ಲಿರುವ 41 ಕ್ಯಾಸೆಟ್. ಕೆಲವಕ್ಕೆ ಬೂಷ್ಟು ಹಿಡಿದಿದೆ. ಲೇಬಲ್ ಮೇಲೆ ಅವರದೇ ಅಕ್ಷರ: 'ಮಾಗಡಿ, ಬೆಳಿಗ್ಗೆ, ಗಾಳಿ ಜಾಸ್ತಿ'. 'ಗದಗ, ಕಿಟಕಿ'. ನೋಡೋಣ ಅಂದರೆ ಹಾಕಲು ಯಂತ್ರವೇ ಇಲ್ಲ.

ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿ ಕಡೆ ಯಾರ ಹತ್ರಾದ್ರೂ ಇನ್ನೂ ನಡೆಯುವ ಬೀಟಾ ಡೆಕ್ (ಈ ಕ್ಯಾಸೆಟ್ ಹಾಕಿ ನೋಡುವ ಯಂತ್ರ) ಇದ್ದರೆ ದಯವಿಟ್ಟು ಮೆಸೇಜ್ ಮಾಡಿ. ಕ್ಯಾಸೆಟ್ ನಾನೇ ಹೊತ್ತು ತರುತ್ತೇನೆ.