ಸ್ಪಷ್ಟನೆ: ವಾರಕ್ಕೆರಡು ದೊಡ್ಡ ಹಡಗುಗಳು ಮುಳುಗುತ್ತಿಲ್ಲ

‘ಜಗತ್ತಿನಲ್ಲಿ ವಾರಕ್ಕೆರಡು ದೊಡ್ಡ ಹಡಗುಗಳು ಮುಳುಗುತ್ತವೆ, ರಾಕ್ಷಸ ಅಲೆಗಳೇ (ನಡುಗಡಲಲ್ಲಿ ದಿಢೀರನೆ ಏಳುವ ಭಾರಿ ಅಲೆಗಳು) ಕಾರಣ’ ಎಂಬ ಸಂದೇಶ ಹರಿದಾಡುತ್ತಿದೆ. ಇದು ಸರಿಯಲ್ಲ. ವಿಮಾ ಸಂಸ್ಥೆ ಅಲಿಯಾನ್ಸ್‌ನ ಲೆಕ್ಕದಂತೆ 2023ರಲ್ಲಿ ಪೂರ್ತಿ ನಷ್ಟವಾದದ್ದು 26 ಹಡಗು. 1990ರ ದಶಕದಲ್ಲಿ ವರ್ಷಕ್ಕೆ 200 ದಾಟುತ್ತಿತ್ತು. ಬೆಂಕಿಗೆ ಆಹುತಿಯಾದವೂ ಈ ಲೆಕ್ಕದಲ್ಲೇ ಸೇರಿವೆ.

ಅಲೆಯನ್ನೇ ದೂರಿದರೆ ತಡೆಯಬಹುದಾದ ಕಾರಣಗಳು ಮರೆಯಾಗುತ್ತವೆ, ನನ್ನ ಆತಂಕ ಅದೇ. 2009ರ ಜುಲೈನಲ್ಲಿ ಮಂಗಳೂರಿನ ಬಳಿ ಮುಳುಗಿದ ‘ಏಷ್ಯನ್ ಫಾರೆಸ್ಟ್’ ಹೊತ್ತಿದ್ದದ್ದು ಕಬ್ಬಿಣದ ಅದಿರಿನ ಪುಡಿ. ಒದ್ದೆಯಾದ ಪುಡಿ ಹಡಗಿನ ಕುಲುಕಾಟಕ್ಕೆ ಕೆಸರಿನಂತೆ ಹರಿದು ಒಂದೇ ಬದಿಗೆ ಜರುಗುತ್ತದೆ; ವಾಲಿದ ಹಡಗು ಮತ್ತೆ ನೆಟ್ಟಗಾಗುವುದು ಕಷ್ಟ. 2015ರಲ್ಲಿ ವಿಯೆಟ್ನಾಂ ಬಳಿ ಬಾಕ್ಸೈಟ್ (ಅಲ್ಯೂಮಿನಿಯಂ ಅದಿರು) ಹೊತ್ತಿದ್ದ ‘ಬಲ್ಕ್ ಜುಪಿಟರ್’ ಮುಳುಗಿದಾಗ 19 ಮಂದಿಯಲ್ಲಿ ಬದುಕುಳಿದದ್ದು ಒಬ್ಬರೇ. ಇಂಥ ಸರಕಿನ ತೇವಾಂಶವನ್ನು ತುಂಬುವ ಮುನ್ನವೇ ಪರೀಕ್ಷಿಸಬೇಕೆಂಬ ಅಂತರರಾಷ್ಟ್ರೀಯ ನಿಯಮ 2011ರಿಂದ ಕಡ್ಡಾಯವಾಗಿದೆ.