ಆಕಾಶದ ಬಿರುಕಿಗೆ ಅಂದಾಜು ಪಟ್ಟಿ

ಏಪ್ರಿಲ್ ಮತ್ತು ಮೇ ತಿಂಗಳಲ್ಲಿ ಕಲಬುರಗಿ ವಿಭಾಗದ ಸರ್ಕಾರಿ ಕಚೇರಿಗಳು ಬೆಳಿಗ್ಗೆ 8ಕ್ಕೆ ತೆರೆದು ಮಧ್ಯಾಹ್ನ 1.30ಕ್ಕೆ ಮುಚ್ಚುತ್ತವೆ ಎಂಬುದು ರಾಜ್ಯಕ್ಕೆಲ್ಲ ಗೊತ್ತು. ಆ ಬಳಿಕ ಏನಾಗುತ್ತದೆ ಎಂಬುದು ಈ ಭಾಗದವರಿಗಷ್ಟೇ ಗೊತ್ತು. ಅಧಿಕಾರಿಯಿಂದ ಹಿಡಿದು ಅರ್ಜಿದಾರನವರೆಗೆ ಇಡೀ ಊರು ಕೂಲರ್ ಮುಂದೆ ಮಲಗಿ ಒಂದೇ ಕನಸನ್ನು ಕಾಣುತ್ತದೆ. ಆ ಕನಸಿನಲ್ಲೂ ಒಂದು ಕಲಬುರಗಿ ಇದೆ, ಅಲ್ಲೂ ಕಚೇರಿಗಳಿವೆ, ಅವು ಸಂಜೆಯವರೆಗೆ ತೆರೆದಿರುತ್ತವೆ. ಕನಸೆಂದು ಗುರುತು ಹಿಡಿಯಲು ಇಷ್ಟು ಸಾಕು.

ಆ ಊರಿನಲ್ಲಿ ಅಪ್ಪನ ಕೆರೆಯ ಏರಿಯ ಮೇಲೆ, ನೆಲದಿಂದ ಮೊಳವೆತ್ತರದಲ್ಲಿ, ಒಂದು ಮಧ್ಯಾಹ್ನ ಬಯಲು ಸೀಳಿಕೊಂಡಿತು. ಮೊದಲಿಗೆ ಜೋಳದ ರೊಟ್ಟಿಯೊಂದು ತೂರುವಷ್ಟಿದ್ದ ಬಿರುಕು, ಮರುದಿನದ ನಿದ್ದೆಯ ಹೊತ್ತಿಗೆ ಒಬ್ಬ ಮನುಷ್ಯ ಭುಜ ಓರೆ ಮಾಡಿಕೊಂಡು ದಾಟುವಷ್ಟು ಅಗಲವಾಯಿತು. ಅಂಚಿಗೆ ಬೆರಳು ತಾಗಿಸಿದರೆ ಉಗುರಿನ ಬಣ್ಣ ಒಂದು ಗಳಿಗೆ ಮಾಯವಾಗಿ ಮತ್ತೆ ಬರುತ್ತಿತ್ತು. ಒಳಗಿನಿಂದ ಮಳೆ ಬಿದ್ದ ಕಪ್ಪು ನೆಲದ ವಾಸನೆಯ ತಂಗಾಳಿ ಬೀಸುತ್ತಿತ್ತು. ಕಲಬುರಗಿಯ ಬೇಸಿಗೆಯಲ್ಲಿ ತಂಗಾಳಿ ಬೀಸಿದರೆ ಅದರ ಮೂಲವನ್ನು ವಿಚಾರಿಸುವಷ್ಟು ಕೃತಘ್ನರು ನಾವಲ್ಲ. ಜನ ಚಾಪೆ ಹಾಸಿದರು, ಮಿರ್ಚಿ ಭಜಿಯ ಬಂಡಿಯವನು ಬಂದು ನಿಂತ, ಗಾಳಿಗೆ ಒಲೆ ಎರಡು ಸಲ ಆರಿದ ಮೇಲೆ ಬೈಯುತ್ತ ಹತ್ತು ಹೆಜ್ಜೆ ಹಿಂದೆ ಸರಿದ.

ಆಡಳಿತ ಸುಮ್ಮನೆ ಕೂರಲಿಲ್ಲ. 2021ರ ಅಕ್ಟೋಬರ್‌ನಲ್ಲಿ ಚಿಂಚೋಳಿ ತಾಲ್ಲೂಕಿನ ಗಡಿಕೇಶ್ವರದಲ್ಲಿ ನೆಲದೊಳಗಿನಿಂದ ಸದ್ದು ಕೇಳಿಬಂದು, ಭೂಮಿ ಕಂಪಿಸಿ, ಜನ ಹೆದರಿ ಮನೆಯ ಹೊರಗೆ ರಾತ್ರಿ ಕಳೆದಾಗ, ಸುಣ್ಣಕಲ್ಲಿನ ಪದರಗಳಿಗೆ ಮಳೆನೀರು ಇಳಿದದ್ದು ಕಾರಣವಿರಬೇಕೆಂದು ತಜ್ಞರು ವಿವರಿಸಿದ್ದರು. ನೆಲಕ್ಕೆ ಒಪ್ಪುವ ವಿವರಣೆ ಅದು. ಕನಸಿನ ಊರಿನ ಆಡಳಿತವು ಅದರ ಪ್ರತಿಯನ್ನು ಹಳೆಯ ಕಡತದಿಂದ ತೆಗೆದು, ಊರಿನ ಹೆಸರನ್ನೂ ದಿನಾಂಕವನ್ನೂ ತಿದ್ದಿ, ಆಕಾಶದ ಸುಣ್ಣಕಲ್ಲಿನ ಪದರಗಳಿಗೆ ನೀರು ಇಳಿದಿರುವುದರಿಂದ ಸಾರ್ವಜನಿಕರು ಆತಂಕಪಡುವ ಅಗತ್ಯವಿಲ್ಲವೆಂದು ಪ್ರಕಟಣೆ ಹೊರಡಿಸಿತು.

ಆತಂಕ ಹುಟ್ಟಿದ್ದು ಜನ ಒಳಗೆ ಇಣುಕಿದಾಗ. ಆ ಕಡೆ ಇದ್ದದ್ದು ನರಕವೂ ಅಲ್ಲ, ದೇವಲೋಕವೂ ಅಲ್ಲ. ಕಡತಗಳಲ್ಲಿ ಪೂರ್ಣಗೊಂಡ ಕಲಬುರಗಿ. 2014ರಲ್ಲಿ ಘೋಷಣೆಯಾದ ರೈಲ್ವೆ ವಿಭಾಗದ ಕಚೇರಿಯಲ್ಲಿ ಸಿಬ್ಬಂದಿ ಬಡ್ತಿಯ ಮೇಲೆ ಬಡ್ತಿ ಪಡೆಯುತ್ತಿದ್ದರು. 2019ರ ನವೆಂಬರ್ 22ರಂದು ಉದ್ಘಾಟನೆಗೊಂಡ ವಿಮಾನ ನಿಲ್ದಾಣದ ಮೇಲೆ ವಿಮಾನಗಳು ಇಳಿಯಲು ಜಾಗವಿಲ್ಲದೆ ಸುತ್ತುತ್ತಿದ್ದವು. ಈ ಕಡೆ ಒಮ್ಮೆಯೂ ಡಾಂಬರು ಕಾಣದ ಓಣಿಯೊಂದು ಆ ಕಡೆ ಪ್ರತಿ ಮಾರ್ಚ್‌ನಲ್ಲೂ ಡಾಂಬರು ಕಂಡು ಕಂಡು ಮನೆಗಳ ಹೊಸ್ತಿಲಿಗಿಂತ ಎತ್ತರವಾಗಿತ್ತು. ನಳದಲ್ಲಿ ಹಗಲೂ ರಾತ್ರಿಯೂ ನೀರು ಬರುತ್ತಿದ್ದುದರಿಂದ, ಸ್ವಲ್ಪ ಹೊತ್ತಾದರೂ ನಿಲ್ಲಿಸಬೇಕೆಂದು ಅಲ್ಲಿನ ಜನ ಮನವಿಪತ್ರ ಹಿಡಿದು ನಿಂತಿದ್ದರು. ಆ ಜನರ ಮುಖಗಳು ಎಲ್ಲೋ ಕಂಡಂತಿವೆ ಎಂದು ನೋಡಿದರೆ ಅವರು ನಾವೇ: ನಮ್ಮವೇ ಹೆಸರು, ನಮ್ಮವೇ ಆಧಾರ್ ಸಂಖ್ಯೆ, ಮೈ ಮಾತ್ರ ಸ್ವಲ್ಪ ತುಂಬಿಕೊಂಡಿತ್ತು.

ಗುಂಪಿನಲ್ಲಿದ್ದ ಮುದುಕಿಯೊಬ್ಬಳು ತನ್ನ ಹೆಸರಿಗೆ ಮಂಜೂರಾದ ಮನೆ ಆ ಕಡೆ ಸುಣ್ಣ ಬಳಿದುಕೊಂಡು ನಿಂತಿದ್ದನ್ನು ಕಂಡಳು. “ಸಾಹೇಬ್ರ, ಅದು ನಂದೇ ಮನಿ ಅದ. ಹೋಗಿ ಇದ್ದುಬಿಡ್ಲೇನ್ರಿ?” ಎಂದು ಬಂದೋಬಸ್ತಿಗೆ ನಿಂತ ಅಧಿಕಾರಿಯನ್ನು ಕೇಳಿದಳು. ಆತ ನೋಂದಣಿ ಪುಸ್ತಕ ತಿರುವಿ, “ನಿಮಗ ಆಗಲೇ ಹಸ್ತಾಂತರ ಆಗ್ಯಾದ ಆಯಿ. ಒಬ್ಬರಿಗೇ ಎರಡು ಸಲ ಕೊಡ್ಲಾಕ ಬರಲ್ಲ” ಎಂದ. ನಿಯಮ ತಿಳಿದ ಮನುಷ್ಯ.

ಬಿರುಕು ಯಾರ ವ್ಯಾಪ್ತಿಗೆ ಸೇರುತ್ತದೆ ಎಂಬ ಪ್ರಶ್ನೆ ಅಷ್ಟರಲ್ಲಿ ಎದ್ದಿತ್ತು. ಅದು ನೆಲಕ್ಕೆ ತಾಗಿಲ್ಲವಾದ್ದರಿಂದ ರಸ್ತೆಯವರು ತಮ್ಮದಲ್ಲವೆಂದರು; ಸರ್ವೆ ನಂಬರ್ ಇಲ್ಲದ ಜಾಗಕ್ಕೆ ಪಹಣಿ ತೆಗೆಯಲಾಗದೆಂದು ಕಂದಾಯದವರು ಕೈಚೆಲ್ಲಿದರು; ಕೆರೆಯವರು ನೀರಿನ ಮಟ್ಟದವರೆಗೆ ಮಾತ್ರ ತಮ್ಮ ಜವಾಬ್ದಾರಿಯೆಂದು ಬರೆದುಕೊಟ್ಟರು. ಜಂಟಿ ಸಭೆಗೆ ಸುಸಲಾ ಮತ್ತು ಚಹಾ ಬಂದವು, ನಿರ್ಣಯ ಬರಲಿಲ್ಲ. 2019ರ ಸೆಪ್ಟೆಂಬರ್‌ನಲ್ಲಿ ಹೈದರಾಬಾದ್ ಕರ್ನಾಟಕವು ಕಲ್ಯಾಣ ಕರ್ನಾಟಕವಾದದ್ದನ್ನು ಕಂಡಿದ್ದ ಮುಖಂಡರೊಬ್ಬರು, ಸದ್ಯಕ್ಕೆ ಹೆಸರನ್ನಾದರೂ ಬದಲಿಸೋಣವೆಂದು ‘ಕಲ್ಯಾಣ ದ್ವಾರ’ ಎಂಬ ಫಲಕ ನೆಡಿಸಿ ರಿಬ್ಬನ್ ಕತ್ತರಿಸಿದರು. ಸಂಘಟನೆಯೊಂದು ಧರಣಿ ಕೂತು, ಆ ಕಡೆಯವರಿಗೆ, ಈ ಭಾಗದವರಿಗೆ ನೌಕರಿಯಲ್ಲಿ ಮೀಸಲಾತಿ ಕೊಡುವ ಸಂವಿಧಾನದ 371(ಜೆ) ವಿಧಿಯ ಅಡಿಯಲ್ಲಿ ಸ್ಥಳೀಯ ಪ್ರಮಾಣಪತ್ರ ಕೊಡಕೂಡದೆಂದು ಒತ್ತಾಯಿಸಿತು. ಅವರ ಬಳಿ ಆಗಲೇ ಪ್ರಮಾಣಪತ್ರವೂ ಇತ್ತು, ನೌಕರಿಯೂ ಇತ್ತು. ಅರ್ಜಿ ಹಾಕಿ ಕಾಯುತ್ತಿದ್ದವರು ಈ ಕಡೆಯವರು.

ಕೊನೆಗೆ ಬಿರುಕನ್ನು ಮುಚ್ಚುವುದೇ ಲೇಸೆಂದು ತೀರ್ಮಾನವಾಯಿತು. ಎರಡೂ ಕಲಬುರಗಿಗಳನ್ನು ಜನ ಹೀಗೆ ಅಕ್ಕಪಕ್ಕ ಇಟ್ಟು ನೋಡುತ್ತ ಹೋದರೆ ಶಾಂತಿಭಂಗವಾದೀತು ಎಂಬುದು ಟಿಪ್ಪಣಿಯಲ್ಲಿ ಕಂಡ ಕಾರಣ. ಇಡೀ ಪ್ರಕರಣದಲ್ಲಿ ಯಾರಾದರೂ ಬರೆದ ಒಂದೇ ಒಂದು ನಿಜ ಅದು. ಶಹಾಬಾದ್ ಫರಸಿ ಕಲ್ಲು, ಸೇಡಂ ಭಾಗದ ಸಿಮೆಂಟು, ಆಕಾಶಕ್ಕೆ ಸಾರಣೆ, ಅದರ ಮೇಲೆ ನೀಲಿ ಬಣ್ಣದ ಎರಡು ಕೈ ಎಂದು ಅಂದಾಜು ಪಟ್ಟಿ ತಯಾರಾಯಿತು. ಅಳತೆ ತೆಗೆಯಲು ಎಂಜಿನಿಯರ್ ಒಬ್ಬರು ಟೇಪು ಹಿಡಿದು ಭುಜ ಓರೆ ಮಾಡಿ ಒಳಗೆ ದಾಟಿದರು.

ಮರುವಾರವೇ ಕಾಮಗಾರಿ ಶೇ 100ರಷ್ಟು ಪೂರ್ಣಗೊಂಡ ವರದಿ ಬಂದು ಬಿಲ್ಲು ಪಾಸಾಯಿತು. ಲಗತ್ತಿಸಿದ ಫೋಟೊದಲ್ಲಿ ನಯವಾಗಿ ಮುಚ್ಚಿದ ಆಕಾಶವಿತ್ತು, ಅದರ ಮುಂದೆ ಗುತ್ತಿಗೆದಾರರ ಕೈಕುಲುಕುತ್ತ ನಗುವ ಎಂಜಿನಿಯರ್ ಇದ್ದರು. ಈ ಕಡೆ ಬಿರುಕು ಇದ್ದಲ್ಲೇ ಇತ್ತು. ಚಾಪೆ ಹಾಸಿದವರು ಗಾಳಿ ಸ್ವಲ್ಪ ಕಡಿಮೆಯಾಯಿತೆಂದು ದೂರಿದ್ದು ಬಿಟ್ಟರೆ ಬೇರೇನೂ ಬದಲಾಗಿರಲಿಲ್ಲ. ಗಂಡ ಮನೆಗೆ ಬಂದಿಲ್ಲವೆಂದು ಎಂಜಿನಿಯರ್ ಅವರ ಪತ್ನಿ ಕೊಟ್ಟ ಅರ್ಜಿಗೆ ಕಚೇರಿಯಿಂದ ಹಿಂಬರಹ ಬಂತು: “ಸದರಿಯವರು ಪ್ರತಿದಿನ ಸಕಾಲಕ್ಕೆ ಹಾಜರಿರುವುದು ದಾಖಲೆಗಳಿಂದ ದೃಢಪಟ್ಟಿರುವುದರಿಂದ, ತಮ್ಮ ಅರ್ಜಿಯನ್ನು ವಿಲೇವಾರಿ ಮಾಡಲಾಗಿದೆ.”